ನಮೂನೆ ಇಪ್ಪತ್ತಾರು

ಡಿ.ಸಿ. ಕಚೇರಿಯ ಕಾಂಪೌಂಡಿಗೆ ಒರಗಿದ ನನ್ನ ಮೇಜಿಗೆ
ಮೂರು ಚುನಾವಣೆಗಳ ವಯಸ್ಸು.
ಅಭ್ಯರ್ಥಿಗಳ ಕೋಟಿಗಳನ್ನು ಟೈಪು ಮಾಡಿ ಮಾಡಿ
ಸೊನ್ನೆಯ ಕೀಲಿ ಸವೆದಿದೆ.

ಆ ಮಂಗಳವಾರ ಸುಬೇದಾರ್ ಗುತ್ಯಪ್ಪ ಬಂದರು, ನಿವೃತ್ತ,
ಇಸ್ತ್ರಿಯ ಗೆರೆ ಬೆರಳು ಕುಯ್ಯುವಂಥ ಅಂಗಿ.
ಕೂತ್ಕೊಳ್ಳಿ ಅಂದೆ. ಕೂರಲಿಲ್ಲ.
ಇನ್ನೊಂದು ಸಲ ಅಂದೆ. ಮುಖ ತಿರುಗಿಸಿ ಬಲಗಿವಿ ಕೊಟ್ಟು
'ಇದಕ್ಕೆ ಹೇಳಿ ಮೇಡಂ. ಎಡಗಡೇದು ರಜೌರಿಯಲ್ಲೇ ಉಳೀತು.'

ಲೋಕಸಭೆಗೆ. ಪಕ್ಷ? ಪಕ್ಷೇತರ.
ಚರಾಸ್ತಿ: ಒಂದು ಸ್ಕೂಟರು, ಪೆನ್ಶನ್ ಖಾತೆ,
ಹೆಂಡತಿಯ ಹೆಸರಲ್ಲಿ ನಲವತ್ತು ಗ್ರಾಮು.
ಸ್ಥಿರಾಸ್ತಿ?

'ಎರಡೆಕರೆ ಹನ್ನೆರಡು ಗುಂಟೆ. ಆದರೆ ನಮ್ಮದಲ್ಲ.'
ಹಂಗಂದ್ರೆ?
'ಕರೆಂಟಿಗೆ ಅಂತ ಶರಾವತಿ ನಿಲ್ಲಿಸಿದಾಗ ಕಲ್ಲುಬೈಲು ಮುಳುಗಿತು.
ಅಪ್ಪನನ್ನು ಲಾರಿಯಲ್ಲಿ ತಂದು ಕಾಡಂಚಿಗೆ ಇಳಿಸಿದರು,
ಒಂದು ಚೀಟಿ ಕೊಟ್ಟು. ಚೀಟಿ ಇದೆ, ಪಹಣಿ ಬಂದಿಲ್ಲ.
ಅರಣ್ಯದವರು ವರ್ಷಕ್ಕೊಂದು ನೋಟೀಸು ಕಳಿಸ್ತಾರೆ
ಅಪ್ಪನ ಹೆಸರಿಗೆ. ಅಪ್ಪ ಹೋಗಿ ಹದಿನಾರು ವರ್ಷ.'

'ಇಲ್ಲ' ಎಂದು ಟೈಪು ಮಾಡಿದೆ.
ಅವರು ಪರದೆ ನೋಡಿದರು, ಬಹಳ ಹೊತ್ತು.
ಅಳಿಸಿ ಅನ್ನಲಿಲ್ಲ.

ಗಡಿಯಲ್ಲಿ ಅವರ ಕೆಲಸ ನೆಲ ಕೆದಕುವುದಂತೆ:
ಮೊಣಕಾಲೂರಿ, ಸರಳು ಚುಚ್ಚಿ,
ಒಂದು ಗೇಣು, ಇನ್ನೊಂದು ಗೇಣು,
ನೆಲಬಾಂಬು ಸಿಕ್ಕರೆ ಮಗುವಿನ ಹಾಗೆ ಎತ್ತಿ
ಹಿಂದೆ ಬಿಳಿ ಪಟ್ಟಿ ಹಾಸುತ್ತ ಹೋಗುವುದು,
ಬರುವವರಿಗೆ ದಾರಿ.
'ದೇಶದ ನೆಲ ಗೇಣುಗೇಣೂ ಗೊತ್ತು' ಎಂದು ನಕ್ಕರು,
'ಸರ್ವೆ ನಂಬರು ಮಾತ್ರ ಗೊತ್ತಿಲ್ಲ.'

ಯಾಕೆ ಲೋಕಸಭೆ? ಪಂಚಾಯ್ತಿಗೆ ನಿಲ್ಲಬಹುದಿತ್ತಲ್ಲ?
(ಕೇಳಬಾರದಿತ್ತು. ಪುಟಕ್ಕೆ ಮೂವತ್ತು ರೂಪಾಯಿಯವಳಿಗೆ ಯಾಕೆ ಬೇಕು.)
'ತಾಲ್ಲೂಕಿಗೆ ಹೋದೆ, ಜಿಲ್ಲೆ ಅಂದರು.
ಜಿಲ್ಲೆಗೆ ಬಂದೆ, ಬೆಂಗಳೂರು ಅಂದರು.
ಬೆಂಗಳೂರಲ್ಲಿ ಒಬ್ಬ ಸಾಹೇಬ ಟೀ ಕುಡಿಸಿ
ಇದು ದಿಲ್ಲಿ ವಿಷಯ ಅಂದ.
ದಿಲ್ಲಿ ದಾರಿ ನನಗೆ ಹೊಸದಾ?
ಇಪ್ಪತ್ತೆಂಟು ವರ್ಷ ಆ ರೈಲಿನ ಬಾಗಿಲಲ್ಲಿ ಟ್ರಂಕಿನ ಮೇಲೆ ಕೂತು ಹೋಗಿದ್ದೀನಿ.'

ಓಟು ಹಾಕಿದ್ದೂ ಅಲ್ಲಿಂದಲೇ, ಅಂಚೆಯಲ್ಲಿ.
ಒಮ್ಮೆ ಲಕೋಟೆ ಕೈಸೇರಿದಾಗ
ಫಲಿತಾಂಶ ಬಂದು ಹನ್ನೊಂದು ದಿನ.
ಆದರೂ ಗುರುತು ಹಾಕಿ, ಅಂಟಿಸಿ, ಕಳಿಸಿದರಂತೆ.

ಹತ್ತು ಸೂಚಕರು ಒಂದೇ ಟೆಂಪೋದಲ್ಲಿ ಬಂದರು, ಒಬ್ಬಾಕೆ ಹೆಬ್ಬೆಟ್ಟು.
ಠೇವಣಿಯ ಇಪ್ಪತ್ತೈದು ಸಾವಿರ ಅಕ್ಕಿಚೀಲದಲ್ಲಿ,
ಹತ್ತರದ್ದು, ಇಪ್ಪತ್ತರದ್ದು.
ಗುಮಾಸ್ತ ಎಣಿಸುತ್ತ ಎರಡು ಸಲ ತಪ್ಪಿದ.
ಅವರು ಅಟೆನ್ಷನ್ನಿನಲ್ಲಿ ನಿಂತೇ ಇದ್ದರು.

ಚಿಹ್ನೆಗೆ ಟಾರ್ಚು ಕೇಳಿದ್ದರು. ಚೀಟಿ ಎತ್ತಿದಾಗ ಬಂದದ್ದು ಸೀಟಿ.
ಒಂಟಿ ಕಿವಿಯವರಿಗೆ! ನಾನು ನಕ್ಕುಬಿಟ್ಟೆ. ಅವರೂ.

ದೊಡ್ಡ ಪಕ್ಷದವರು ಕಾರು ಕಳಿಸಿದ್ದರು:
ಮೆಡಲ್ ಹಾಕ್ಕೊಂಡು ನಮ್ಮ ವೇದಿಕೆ ಮೇಲೆ ಕೂತರೆ ಸಾಕು,
ಮಾತಾಡೋದು ಬೇಡ.
ಕಾರು ಖಾಲಿ ಹೋಯಿತು.
ಭದ್ರಾವತಿಯಲ್ಲೊಬ್ಬ ಸೆಲ್ಯೂಟ್ ಹೊಡೆದು, ಸೆಲ್ಫಿ ತಗೊಂಡು,
'ಓಟು ಮಾತ್ರ ಕೇಳಬೇಡಿ ಸಾರ್, ಆಗಲೇ ಕೈ ಚಾಚಿಬಿಟ್ಟಿದೀನಿ' ಅಂದನಂತೆ.
ಅವನ ಪ್ರಾಮಾಣಿಕತೆ ಅವರಿಗೆ ಹಿಡಿಸಿತ್ತು.

ಮೂರು ಸಾವಿರದ ಒಂಬೈನೂರ ಆರು.
ನೋಟಾಕ್ಕೆ ಇನ್ನೂ ಹೆಚ್ಚು.
ಅಂಚೆಯ ಮತ ಅರವತ್ತೊಂದು.
ಆ ಅಂಕಿಯ ಮೇಲೆ ಬೆರಳಿಟ್ಟು
'ಹುಡುಗರ ಲಕೋಟೆ ಈ ಸಲ ಹೊತ್ತಿಗೆ ಬಂದಿದೆ' ಎಂದರು.

ಮೊನ್ನೆ ಮತ್ತೆ ಬಂದರು, ಹೊಸ ನೋಟೀಸು ಹಿಡಿದು.
ಅಪ್ಪನ ಹೆಸರು ಹೋಗಿ ಅವರದೇ ಬಂದಿದೆ:
ಒತ್ತುವರಿದಾರ, ಗುತ್ಯಪ್ಪ.
'ಸರ್ಕಾರಕ್ಕೆ ಕೊನೆಗೂ ನನ್ನ ಗುರುತು ಸಿಕ್ತು ನೋಡಿ.
ಹಳೇ ಅಫಿಡವಿಟ್ಟು ಇದೆಯಾ?'

ಇತ್ತು. ತೆರೆದೆ.
ವಯಸ್ಸು ತಿದ್ದಿದೆ. ಸ್ಕೂಟರು ಮಾರಿದ್ದಾರೆ, ತೆಗೆದೆ.
'ಇಲ್ಲ' ಎಂಬುದರ ಪಕ್ಕ ಕರ್ಸರು ಮಿಟುಕುತ್ತ ನಿಂತಿತ್ತು.
ಅವರು ಕುರ್ಚಿ ಎಳೆದುಕೊಂಡು
ಮೊದಲ ಸಲ ಕೂತರು.